ಸಂಚಾರಿ ವಿಜಯ್ ಚಿತ್ರಗಳು ನಮ್ಮೂರಿಗೂ ಬರಲಿ

ಮಾನ್ಯರೇ,

ಜೂನ್ ಬಂದರೆ ಪತ್ರಿಕೆಗಳಲ್ಲಿ ನಟ ಸಂಚಾರಿ ವಿಜಯ್ ಫೋಟೊ ಬರುತ್ತದೆ. 2021ರ ಜೂನಿನಲ್ಲಿ ಅವರ ಜೀವ ತೆಗೆದ ಬೈಕ್ ಅಪಘಾತ, ಅಂಗಾಂಗ ದಾನ, 'ನಾನು ಅವನಲ್ಲ... ಅವಳು' ಚಿತ್ರದ ರಾಷ್ಟ್ರಪ್ರಶಸ್ತಿ. ಅಲ್ಲಿಗೆ ಮುಗಿಯಿತು. ನಾನು ಕಡೂರಿನಲ್ಲಿ ಬೀಗ ರಿಪೇರಿ, ಡೂಪ್ಲಿಕೇಟ್ ಕೀ ಮಾಡುವವನು. ಅವರ ಊರು ಪಂಚನಹಳ್ಳಿ ನಮ್ಮ ತಾಲ್ಲೂಕಿನದೇ. ಆದರೆ ನನಗೆ ಅವರು ಬೇಕಾದವರಾಗಿದ್ದು ಬೇರೆ ಕಾರಣಕ್ಕೆ.

ಅವರು ತೀರಿಕೊಂಡ ಮೂರು ತಿಂಗಳಿಗೆ 'ಪುಕ್ಸಟ್ಟೆ ಲೈಫು' ತೆರೆಗೆ ಬಂತು. ಅದರಲ್ಲಿ ಅವರು ಶಹಜಹಾನ್, ನನ್ನಂಥ ಕೀ ಮಾಡುವವ. ಅವನ ಕೈಚಳಕವನ್ನು ಪೊಲೀಸರೇ ಕಳ್ಳತನಕ್ಕೆ ಬಳಸಿಕೊಳ್ಳುತ್ತಾರೆ. ನಗಿಸುವ ಸಿನಿಮಾ, ಆದರೆ ನಮ್ಮ ಕಸುಬಿನವರಿಗೆ ನಗು ಅರ್ಧಕ್ಕೇ ನಿಲ್ಲುತ್ತದೆ. ಹಲ್ಲಿಲ್ಲದ ಖಾಲಿ ಕೀಯನ್ನು ಬೀಗಕ್ಕೆ ತೂರಿಸಿ, ಬಿಗಿಯಾಗಿ ತಿರುಗಿಸಿ, ತೆಗೆದು ಬೆಳಕಿಗೆ ಹಿಡಿದರೆ ಸಣ್ಣ ಚುಕ್ಕೆ ಕಾಣುತ್ತದೆ. ಅಲ್ಲಿ ಮಾತ್ರ ಅರ ಹಾಕಬೇಕು. ಒಂಚೂರು ಜಾಸ್ತಿ ಉಜ್ಜಿದರೆ ಕೀ ಹಾಳು. ಇಷ್ಟು ಮಾಡಿ ಬಾಗಿಲು ತೆಗೆದುಕೊಟ್ಟರೆ ಮನೆಯವರು ಕೇಳೋದು, "ಹಂಗಾದ್ರೆ ಯಾರ ಮನೆ ಬೇಕಾದ್ರೂ ತೆಗೀತೀಯಾ?" ಈ ಅನುಮಾನದ ನಡುವೆಯೇ ನಮ್ಮ ದುಡಿಮೆ. ವಿಜಯ್ ಅಂಥವನನ್ನು 'ಅಯ್ಯೋ ಪಾಪ' ಅನ್ನಿಸುವ ಹಾಗೆ ಮಾಡಲಿಲ್ಲ. ನನಗೆ ಹಿಡಿಸಿದ್ದು ಅದೇ.

ಅವರದೇ ಇನ್ನೊಂದು ಚಿತ್ರ 'ಹರಿವು' ನೋಡುವಾಗ ನನ್ನ ಹೆಂಡತಿ ಮಧ್ಯದಲ್ಲೇ ಎದ್ದು ಹೋದಳು. ಉತ್ತರ ಕರ್ನಾಟಕದ ರೈತನೊಬ್ಬ ಮಗನ ಹೆಣವನ್ನು ಟ್ರಂಕಿನಲ್ಲಿಟ್ಟು ಬಸ್ಸಿನಲ್ಲಿ ಊರಿಗೆ ಒಯ್ಯುವ ಕತೆ. ಎರಡನ್ನೂ ನಾವು ನೋಡಿದ್ದು ಮಗನ ಮೊಬೈಲಿನಲ್ಲಿ.

ಕನ್ನಡ ಚಿತ್ರಗಳಲ್ಲಿ ವಿಜಯ್‌ಗಿಂತ ಮೊದಲು ಅತ್ಯುತ್ತಮ ನಟ ರಾಷ್ಟ್ರಪ್ರಶಸ್ತಿ ತಂದದ್ದು 'ಚೋಮನ ದುಡಿ'ಯ ಚೋಮ ಮತ್ತು 'ತಬರನ ಕಥೆ'ಯ ತಬರನ ಪಾತ್ರಗಳು. ಒಬ್ಬ ಜೀತದಾಳು, ಇನ್ನೊಬ್ಬ ಜವಾನ. ಬಡವನ ಪಾತ್ರಕ್ಕೆ ದಿಲ್ಲಿಯಲ್ಲಿ ಪ್ರಶಸ್ತಿ ಸಿಗುತ್ತದೆ, ತಾಲ್ಲೂಕಿನ ಟಾಕೀಸಿನಲ್ಲಿ ಒಂದು ವಾರ ಸಿಗುವುದಿಲ್ಲ. ಇದೆಂಥ ಲೆಕ್ಕ ಸ್ವಾಮಿ?

ಚಲನಚಿತ್ರ ಅಕಾಡೆಮಿ ಈ ಜೂನ್‌ನಲ್ಲಾದರೂ ಅವರ ಚಿತ್ರಗಳನ್ನು ಕಡೂರಿನಲ್ಲಿ ತೋರಿಸಲಿ. ಶಾಲೆ ಮೈದಾನದಲ್ಲಿ ಪರದೆ ಕಟ್ಟಿದರೂ ಸಾಕು. ಭಾಷಣ, ಶಾಲು, ಹಾರ ಬೇಡ. ಒಂದು ವಿನಂತಿ ಮಾತ್ರ ಇದೆ. ಬೆಳಗಿನ ಆಟ ಇಟ್ಟರೆ ನಮ್ಮಂಥವರು ಯಾರೂ ಬರೋಕಾಗಲ್ಲ. ಅಂಗಡಿ ಮುಚ್ಚಿದ ಮೇಲೆ, ರಾತ್ರಿ ಎಂಟಕ್ಕೆ ಶುರು ಮಾಡಿ. ಇಪ್ಪತ್ತು ರೂಪಾಯಿ ಟಿಕೆಟ್ ಇಟ್ಟರೂ ಕೊಡುತ್ತೇವೆ.

– ಬೀಗ ರಿಪೇರಿಯವನು, ಕಡೂರು