ಮೇಷ್ಟ್ರ ರೇಡಿಯೋ ನಾಟಕಗಳು ನೆನೆದಿವೆ, ವಾಚನಾಲಯದ ಸೂರಿಗೆ ನೆರವಾಗಿ

ಆತ್ಮೀಯರೇ,

ಕಳೆದ ವಾರದ ಮಳೆಗೆ ನಮ್ಮ ವಾಚನಾಲಯದ ಹಿಂದಿನ ಕೋಣೆ ಪೂರ್ತಿ ಸೋರಿತು. ಬೆಳಿಗ್ಗೆ ಬಾಗಿಲು ತೆಗೆದರೆ ಪಾದ ಮುಳುಗುವಷ್ಟು ನೀರು. ಮೇಷ್ಟ್ರ ಟ್ರಂಕು ಆ ನೀರಲ್ಲೇ ಕೂತಿತ್ತು. ಹೋದ ವರ್ಷವಷ್ಟೇ ಹೆಂಚು ಕೈಯಾಡಿಸಿದ್ದೆವು. ಆದರೆ ತೊಲೆಗಳಿಗೇ ಗೆದ್ದಲು ಹಿಡಿದಿದೆ.

ಆ ಟ್ರಂಕಿನಲ್ಲಿ ಏನಿತ್ತು ಅಂತ ನಿಮಗೆ ಗೊತ್ತೇ ಇದೆ. ಮೇಷ್ಟ್ರು ನಲವತ್ತು ವರ್ಷ ಬರೆದ ನಗೆನಾಟಕಗಳು.

1935ರ ಸೆಪ್ಟೆಂಬರ್ 10ರಂದು ಮಹಾರಾಜ ಕಾಲೇಜಿನ ಪ್ರೊಫೆಸರ್ ಎಂ.ವಿ. ಗೋಪಾಲಸ್ವಾಮಿಯವರು ಮೈಸೂರಿನ ತಮ್ಮ ಮನೆಯಲ್ಲೇ ರೇಡಿಯೋ ಶುರುಮಾಡಿದರು. ‘ಆಕಾಶವಾಣಿ’ ಅನ್ನೋ ಹೆಸರು ಇಡೀ ದೇಶಕ್ಕೆ ಹೋಗಿದ್ದು ಇಲ್ಲಿಂದಲೇ ಅಲ್ವಾ? ಮಲಯಾಳಂ ಮನೆಮಾತಿನ ನಾ. ಕಸ್ತೂರಿಯವರು ಕನ್ನಡ ಕಲಿತು ನಾಡನ್ನೇ ನಗಿಸಿದ್ದೂ ಈ ಊರಿನಲ್ಲೇ. ಅವರನ್ನು ಓದಿ, ಕೇಳಿ ಬೆಳೆದವರು ನಮ್ಮ ಮೇಷ್ಟ್ರು. 1955ರಲ್ಲಿ ರೇಡಿಯೋ ನಿಲಯ ಬೆಂಗಳೂರಿಗೆ ಹೋದ ಮೇಲೆ, ಹಾಳೆಗಳನ್ನು ಬಟ್ಟೆಚೀಲದಲ್ಲಿಟ್ಟುಕೊಂಡು ರೈಲು ಹತ್ತುತ್ತಿದ್ದರು. ಸಂಭಾವನೆ ರೈಲು ಚಾರ್ಜಿಗೂ ಸಾಲುತ್ತಿರಲಿಲ್ಲ.

ಅವರ ಹಾಳೆಗಳಿಗೆ ಪಿನ್ ಇರುವುದಿಲ್ಲ. ಮೈಕ್ ಮುಂದೆ ಪುಟ ತಿರುವಿದರೆ ಸರಸರ ಸದ್ದು ಬರುತ್ತದೆ, ಅದಕ್ಕೆ ಬಿಡಿಬಿಡಿಯಾಗಿಯೇ ಇಡುತ್ತಿದ್ದರು. ಅಂಚಿನಲ್ಲಿ ಕೆಂಪು ಪೆನ್ಸಿಲ್ಲಿನಲ್ಲಿ ‘ಇಲ್ಲಿ ನಿಲ್ಲಿ, ನಗಲು ಬಿಡಿ’ ಅಂತ ಬರೆದಿರುತ್ತದೆ. 1981ರಲ್ಲಿ ಬೆಂಗಳೂರು ದೂರದರ್ಶನ ಬಂದಾಗ ಹಳೆಯ ನಾಟಕಗಳನ್ನೇ ಟೀವಿಗೆ ತಿದ್ದಿದರು. ‘ಏನ್ ಭಾವಾ, ಬಿಸಿಲಲ್ಲಿ ಛತ್ರಿ ಮಡಚಿಕೊಂಡು ಬರ್ತಿದ್ದೀರಿ?’ ಅನ್ನೋ ಮಾತಿಗೆ ಅಡ್ಡಗೆರೆ ಎಳೆದು, ಪಕ್ಕದಲ್ಲಿ ‘ಛತ್ರಿ ಕಾಣುತ್ತೆ, ಮಾತು ಬೇಡ’ ಅಂತ ಗುರುತು ಹಾಕಿದ್ದಾರೆ. ಬರವಣಿಗೆ ಕಲಿಯುವವರಿಗೆ ಈ ಒಂದು ಹಾಳೆ ಸಾಕು. ಈಗ ಅದರ ಅರ್ಧದಲ್ಲಿ ಬರೀ ನೇರಳೆ ಶಾಯಿಯ ಕಲೆ.

ಈ ನಾಟಕಗಳು ಸುಮ್ನೆ ಬೀರುವಿನಲ್ಲಿ ಇದ್ದವಲ್ಲ. ಭಾನುವಾರ ಹಾಸ್ಟೆಲ್ಲಿನಿಂದ ಬರುವ ದೃಷ್ಟಿಯಿಲ್ಲದ ಹದಿನಾಲ್ಕು ಮಕ್ಕಳು ಇವನ್ನು ಕೇಳಿ, ಬಾಯಿಪಾಠ ಮಾಡಿ ಆಡುತ್ತಾರೆ. ಕಿವಿಗೆಂದೇ ಬರೆದ ನಾಟಕ, ಅವರಿಗೆ ಯಾವುದೂ ತಪ್ಪುವುದಿಲ್ಲ. ಮೂರು ವರ್ಷದಿಂದ ಪುರಭವನದಲ್ಲಿ ಇವರ ಪ್ರದರ್ಶನಕ್ಕೆ ಕೂರಲು ಜಾಗ ಸಿಕ್ಕಿಲ್ಲ, ನೀವೇ ನೋಡಿದ್ದೀರಿ. ಮಳೆ ಹಿಡಿದಾಗಿನಿಂದ ಅವರ ಅಭ್ಯಾಸ ಜಗಲಿಯಲ್ಲಿ, ಎರಚಲಿನಲ್ಲೇ ನಡೆದಿದೆ. ಮೊನ್ನೆ ಒಬ್ಬ ಹುಡುಗಿ ಒದ್ದೆ ಹಾಳೆ ಮುಟ್ಟಿ ನೋಡಿ, ‘ಇದು ಒಣಗುತ್ತಾ ಸರ್?’ ಅಂತ ಕೇಳಿದಳು. ನಮಗೆ ಉತ್ತರ ಹೊಳೆಯಲಿಲ್ಲ.

ತೊಲೆ, ಹೆಂಚು, ಕೂಲಿ ಸೇರಿ ಸುಮಾರು 4 ಲಕ್ಷ ಆಗಬಹುದು. ಹಾಳೆ ಸರಿಪಡಿಸಿ ಸ್ಕ್ಯಾನ್ ಮಾಡಿಸಲು ಇನ್ನೊಂದು 60–70 ಸಾವಿರ. ಕೈಯಲ್ಲಿ 1 ಲಕ್ಷಕ್ಕಿಂತ ಸ್ವಲ್ಪ ಜಾಸ್ತಿ ಇದೆ. ಸೆಪ್ಟೆಂಬರ್ 10ಕ್ಕೆ ನಾಟಕವಿದೆ, ಅಷ್ಟರೊಳಗೆ ಸೂರು ಆಗಲೇಬೇಕು, ಮರದವರು ಈ ತಿಂಗಳೊಳಗೆ ಮುಂಗಡ ಕೇಳಿದ್ದಾರೆ. ಐನೂರಾದರೂ ಸರಿ, ಒಂದು ಸಾಲು ಹೆಂಚಾದರೂ ಸರಿ. ವಾಚನಾಲಯ ಸಂಜೆ 5ರಿಂದ 7ರವರೆಗೆ ತೆರೆದಿರುತ್ತದೆ, ರಸೀದಿ ಅಲ್ಲೇ ಕೊಡುತ್ತೇವೆ. ಹಳೆಯ ಕಾಟನ್ ಸೀರೆಗಳಿದ್ದರೆ ತನ್ನಿ, ಹಾಳೆ ಹರವಿ ಒಣಗಿಸಲು ಇವತ್ತೇ ಬೇಕು.

ನಿಮ್ಮ,
ಟ್ರಸ್ಟಿಗಳು, ಮೈಸೂರು