ಕಂಡಿಕೆ ಸುತ್ತಿದವಳೂ ನೇಕಾರಳೇ ಅಲ್ವಾ?

ಮಾನ್ಯ ಸಂಪಾದಕರೆ,

ಇಳಕಲ್ ಸೀರೆ ಅಂದರೆ ಎಲ್ಲರ ಕಣ್ಣಿಗೆ ಬೀಳುವುದು ಮಗ್ಗದಲ್ಲಿ ಕೂತ ಗಂಡಸು. ನಮ್ಮ ಮನೆಯಲ್ಲಿ ಅವ್ವ ಬೆಳಿಗ್ಗೆ ರೊಟ್ಟಿ ಬಡಿದು ರಾಟಿ ಮುಂದೆ ಕೂತರೆ ಮಧ್ಯಾಹ್ನದವರೆಗೂ ಕಂಡಿಕೆ (ಲಾಳಿಯೊಳಗೆ ಇಡುವ ನೂಲಿನ ಸುರುಳಿ) ಸುತ್ತುತ್ತಿದ್ದಳು. ಸೀರೆಯ ಒಡಲಿನ ಹಾಸು, ಅಂದರೆ ಮಗ್ಗದಲ್ಲಿ ಉದ್ದಕ್ಕೆ ಹಾಕುವ ನೂಲು, ಬೇರೆ; ಸೆರಗಿನ ರೇಷ್ಮೆ ಹಾಸು ಬೇರೆ. ಎರಡನ್ನೂ ಎಳೆ ಎಳೆಯಾಗಿ ಕೊಂಡಿ ಹಾಕಿ ಕೂಡಿಸಬೇಕು. ಅದಕ್ಕೆ ಅವಳ ಬೆರಳೇ ಬೇಕಿತ್ತು. ಕೂಲಿ ಮಾತ್ರ ಅಪ್ಪನ ಕೈಗೆ.

2019-20ರ ಕೈಮಗ್ಗ ಗಣತಿ ಪ್ರಕಾರ ದೇಶದ 35 ಲಕ್ಷಕ್ಕೂ ಜಾಸ್ತಿ ಕೈಮಗ್ಗ ಕೆಲಸಗಾರರಲ್ಲಿ ಸುಮಾರು ಶೇ 72ರಷ್ಟು ಹೆಂಗಸರು. ನೇಕಾರರ ಗುರುತಿನ ಚೀಟಿಗೆ ಹೆಸರು ಬರೆದುಕೊಳ್ಳಲು ಬರುವವರು ದಯವಿಟ್ಟು ರಾಟಿ ಮುಂದೆ ಕೂತವಳ ಹೆಸರನ್ನೂ ಕೇಳಲಿ.

– ನೇಕಾರರ ಮನೆಯ ಮಗಳು, ಇಳಕಲ್