ಗ್ರೀನ್‌ಲಾ ನಿಂತ ಜಾಗ ಹುಡುಕುವುದು ಹೇಗೆ

ಪ್ರೀತಿಯ ಗೆಳೆಯಾ,

ಹಂಪಿಯ ಹಳೆಯ ಫೋಟೋಗಳ ಬಗ್ಗೆ ಸಾಕ್ಷ್ಯಚಿತ್ರ ಮಾಡಲು ಹೊರಟಿದ್ದೀಯಲ್ಲ, ಬ್ರಿಟಿಷ್ ಸೇನಾಧಿಕಾರಿ ಅಲೆಕ್ಸಾಂಡರ್ ಗ್ರೀನ್‌ಲಾ 1856ರಲ್ಲಿ ತೆಗೆದ ಚಿತ್ರಗಳಿಂದಲೇ ಶುರು ಮಾಡು. ಆಸ್ಟ್ರೇಲಿಯಾದ ಛಾಯಾಗ್ರಾಹಕ ಜಾನ್ ಗೋಲಿಂಗ್ಸ್ 1980ರ ದಶಕದಲ್ಲಿ ಅವೇ ಜಾಗಗಳಲ್ಲಿ ನಿಂತು ಮತ್ತೆ ಚಿತ್ರ ತೆಗೆದಿದ್ದಾರೆ. ನಿನ್ನದು ಮೂರನೆಯ ಸುತ್ತು.

ವಿಠ್ಠಲ ದೇವಸ್ಥಾನದ ಕಲ್ಲಿನ ರಥವನ್ನು ನೋಡು. ಗ್ರೀನ್‌ಲಾ ಚಿತ್ರದಲ್ಲಿ ಅದರ ಮೇಲೆ ಇಟ್ಟಿಗೆಯ ಶಿಖರವಿದೆ. ಆಮೇಲೆ ಅದನ್ನು ತೆಗೆದರು. 50 ರೂಪಾಯಿ ನೋಟಿನಲ್ಲಿ ನಾವು ನೋಡುವುದು ಶಿಖರವಿಲ್ಲದ ರಥ. ಹಳೆಯ ಚಿತ್ರ ಕರಗಿ ಈಗಿನ ರಥ ಮೂಡುವಾಗ ಶಿಖರ ಮಾತ್ರ ಮಾಯವಾಗಬೇಕು, ಚಕ್ರದ ಅಂಚು ಕೂದಲೆಳೆಯಷ್ಟೂ ಅಲುಗಬಾರದು. ಅಲುಗಿದರೆ ನೋಡುವವರ ಕಣ್ಣು ಶಿಖರ ಬಿಟ್ಟು ಚಕ್ರಕ್ಕೆ ಹೋಗುತ್ತದೆ.

ಇದಕ್ಕೆ ಮೊದಲು ಕ್ಯಾಮೆರಾ ನಿಲ್ಲುವ ಜಾಗ ಸಿಗಬೇಕು. ಜೂಮ್ ಮುಟ್ಟಬೇಡ, ಅದು ಚೌಕಟ್ಟನ್ನಷ್ಟೇ ಹಿಗ್ಗಿಸಿ ಕುಗ್ಗಿಸುತ್ತದೆ. ಹಳೆಯ ಚಿತ್ರದಲ್ಲಿ ರಥದ ಮೂಲೆಗೆ ತಾಗಿದಂತೆ ಹಿಂದಿನ ಮಂಟಪದ ಯಾವ ಕಂಬ ಕಾಣುತ್ತದೆಂದು ಗುರುತು ಹಾಕಿಕೋ. ನಿನ್ನ ಚೌಕಟ್ಟಿನಲ್ಲಿ ಆ ಕಂಬ ಬಲಕ್ಕೆ ಹೆಚ್ಚು ಸರಿದಿದ್ದರೆ ನೀನು ಎಡಕ್ಕೆ ಸರಿ. ಹಿಂದಿನ ಜಗಲಿ ಹೆಚ್ಚು ಮೇಲೆ ಕಂಡರೆ ಟ್ರೈಪಾಡ್ ಇಳಿಸು. ಚಿತ್ರದ ಎಡಕ್ಕೊಂದು, ಬಲಕ್ಕೊಂದು ಹೀಗೆ ಎರಡು ಜೋಡಿ ಕೂಡಿಬಂದರೆ ಅದೇ ಜಾಗ. ಕೊನೆಯ ಅಂಗುಲಗಳಿಗೆ ಮಾನಿಟರಿನಲ್ಲಿ ಹಳೆಯ ಚಿತ್ರವನ್ನು ಅರೆಪಾರದರ್ಶಕವಾಗಿ ಮೇಲೆ ಹಾಸಿಕೋ. ಕ್ಯಾಮೆರಾ ಮೇಲಕ್ಕೆ ಓರೆ ಮಾಡಿದರೆ ಕಂಬಗಳು ಹಿಂದಕ್ಕೆ ವಾಲುತ್ತವೆ. ಮಟ್ಟವಾಗಿಟ್ಟು, ಅಗಲ ಲೆನ್ಸಿನಲ್ಲಿ ತೆಗೆದು, ಆಮೇಲೆ ಕತ್ತರಿಸು. ನೆರಳು ಯಾವ ಕಡೆ ಬಿದ್ದಿದೆ ನೋಡಿ ಹೊತ್ತು ನಿರ್ಧರಿಸು. ದೇವಸ್ಥಾನ ಪೂರ್ವಾಭಿಮುಖ, ಮುಂಭಾಗಕ್ಕೆ ಬೆಳಗ್ಗೆಯೇ ಬಿಸಿಲು.

ಸ್ಮಾರಕದೊಳಗೆ ಟ್ರೈಪಾಡ್ ಇಡಲು ಪುರಾತತ್ವ ಇಲಾಖೆಯ ಅನುಮತಿ ಬೇಕು. ಮೊದಲೇ ಅರ್ಜಿ ಹಾಕು.

ನಿರೂಪಣೆಯ ಬಗ್ಗೆ ಒಂದು ಮಾತು ಒತ್ತಿ ಹೇಳುತ್ತೇನೆ. ಗ್ರೀನ್‌ಲಾ ಬಳಸಿದ್ದು ಮೇಣ ಹಚ್ಚಿದ ಕಾಗದದ ನೆಗೆಟಿವ್. ಅದಕ್ಕೆ ಬೆಳಕು ತಾಗಲು ನಿಮಿಷಗಟ್ಟಲೆ ಬೇಕು. ಅಷ್ಟರಲ್ಲಿ ನಡೆದು ಹೋದ ಮನುಷ್ಯ, ಮೇಯುತ್ತಾ ಸಾಗಿದ ದನ ಯಾವುದೂ ಅದರಲ್ಲಿ ಉಳಿಯುವುದಿಲ್ಲ. ಹಾಗಾಗಿ ಆ ಖಾಲಿ ಬೀದಿಗಳನ್ನು ತೋರಿಸಿ "ಹಾಳು ಹಂಪೆ, ನರಪಿಳ್ಳೆಯೂ ಇರಲಿಲ್ಲ" ಎಂದು ಹೇಳಿಸಬೇಡ. ಆ ಖಾಲಿತನದಲ್ಲಿ ರಸಾಯನದ ಪಾಲೂ ಇದೆ. ಆಕಾಶ ಬೆಳ್ಳಗೆ, ಗಿಡಮರ ಕಪ್ಪಗೆ ಕಾಣುವುದೂ ಹಾಗೆಯೇ: ಆ ಕಾಗದಕ್ಕೆ ನೀಲಿ ಬೆಳಕು ಬೇಗ ತಾಗುತ್ತದೆ, ಹಸಿರು ಕೆಂಪು ತಾಗುವುದೇ ಕಷ್ಟ. ನಿನ್ನ ಶಾಟನ್ನು ಕಪ್ಪುಬಿಳುಪಿಗೆ ತಿರುಗಿಸುವಾಗ ನೀಲಿ ಚಾನೆಲ್ ಮಾತ್ರ ಉಳಿಸಿಕೋ, ಎರಡೂ ಹತ್ತಿರ ಬರುತ್ತವೆ.

ಮತ್ತೆ ಅದೇ ಜಾಗದಲ್ಲಿ, ಟ್ರೈಪಾಡ್ ಅಲುಗಿಸದೆ, ಐದು ನಿಮಿಷದ ಒಂದು ಎಕ್ಸ್‌ಪೋಷರ್ ಕೂಡ ತೆಗೆ. ಲೆನ್ಸಿಗೆ ಬರುವ ಬೆಳಕು ತಗ್ಗಿಸುವ ಗಾಢವಾದ ಎನ್‌ಡಿ ಫಿಲ್ಟರ್ ಬೇಕಾಗುತ್ತದೆ. ರಥದ ಸುತ್ತ ಓಡಾಡುವ ಈಗಿನ ಪ್ರವಾಸಿಗರೂ ಅದರಲ್ಲಿ ಕರಗಿಹೋಗುತ್ತಾರೆ. ಅದನ್ನು ಗ್ರೀನ್‌ಲಾ ಚಿತ್ರದ ಪಕ್ಕದಲ್ಲೇ ಇಡು.

ನಿನ್ನ ಗೆಳೆಯ